ಕೊಕ್ಕೆಯ ಪ್ರಶ್ನೆಗಳೂ ಮನಸ್ಸಿನ ಜಾಡೂ

ಉದಕಮಂಡಲದಿಂದ ಕಲ್ಹಟ್ಟಿಯ ಕಡಿದಾದ ತಿರುವುಗಳನ್ನಿಳಿದು ಮಸಿನಗುಡಿಯತ್ತ ಬರುವ ಪ್ರಯಾಣಿಕನನ್ನು, ‘ಮಾವನಲ್ಲ, ಆದರೂ ಮನೆಗಳುಂಟು, ದಾರಿಯುಂಟು, ಯಾವುದಯ್ಯಾ ಅದು?’ ಎಂದು ಯಾರಾದರೂ ಕೇಳಿದರೆ, ಭಾವ, ಮೈದುನ, ಚಿಕ್ಕಪ್ಪಂದಿರನ್ನೆಲ್ಲ ನೆನೆದು ದಣಿಯುವವರೆಗೂ, ಮಸಿನಗುಡಿಯ ಮಗ್ಗುಲಲ್ಲೇ ಇರುವ ಮಾವನಲ್ಲವೆಂಬ ಹಳ್ಳಿ ಅವನಿಗೆ ಹೊಳೆಯಲಾರದು. ಉತ್ತರವು ಪ್ರಶ್ನೆಯ ಮೊದಲ ಪದದಲ್ಲಿಯೇ ಕುಳಿತಿದ್ದರೂ ಕಾಣದೆ ಹೋಗುವ ಈ ವಿನೋದವನ್ನೇ, 2007ರಲ್ಲಿ ಅಂತರ್ಜಾಲಕ್ಕೆ ಬಂದ ‘ದಿ ಇಂಪಾಸಿಬಲ್ ಕ್ವಿಜ್’ ಎಂಬ ಆಟವು 110 ಪ್ರಶ್ನೆಗಳಷ್ಟು ಹಿಗ್ಗಿಸಿತು. ಆಡುವವನಿಗೆ ಮೂರೇ ಪ್ರಾಣ. ಅವು ತೀರಿದರೆ ಮರಳಿ ಮೊದಲನೆಯ ಪ್ರಶ್ನೆಗೇ ನಡೆಯತಕ್ಕದ್ದು.

ಇಂತಹ ಪ್ರಶ್ನೆಗಳಿಗೆ ಸೋಲುವವರನ್ನು ಮಂದಮತಿಗಳೆಂದು ಹಳಿಯುವುದು ವಾಡಿಕೆಯಾದರೂ ಮನಶ್ಶಾಸ್ತ್ರವು ಅದನ್ನೊಪ್ಪುವುದಿಲ್ಲ. ‘ದ್ರೌಪದಿಯ ಸ್ವಯಂವರದಲ್ಲಿ ಶಿವಧನುಸ್ಸನ್ನು ಮುರಿದವನಾರು?’ ಎಂದು ಥಟ್ಟನೆ ಕೇಳಿ ನೋಡಿರಿ; ಎರಡು ಕಥೆಗಳನ್ನೂ ಬಾಲ್ಯದಿಂದ ಬಲ್ಲವರೇ ‘ಶ್ರೀರಾಮ’ ಎಂದುಬಿಡುವುದುಂಟು. ಆ ಧನುಸ್ಸು ಸೀತೆಯ ಸ್ವಯಂವರದ್ದು. ದ್ರುಪದನ ಸಭೆಯಲ್ಲಿ ಅರ್ಜುನನು ಭೇದಿಸಿದ್ದು ಮತ್ಸ್ಯಯಂತ್ರವನ್ನು. 1981ರಲ್ಲಿ ಎರಿಕ್ಸನ್ ಮತ್ತು ಮ್ಯಾಟ್ಸನ್ ಎಂಬ ಸಂಶೋಧಕರು, ಮೋಶೆಯು ತನ್ನ ನಾವೆಗೆ ಪ್ರತಿಯೊಂದು ಜಾತಿಯ ಪ್ರಾಣಿಗಳನ್ನು ಎಷ್ಟೆಷ್ಟು ಹತ್ತಿಸಿಕೊಂಡನೆಂದು ಕೇಳಿದಾಗ, ನಾವೆಯು ನೋಹನದೆಂದು ಚೆನ್ನಾಗಿ ಅರಿತಿದ್ದವರೂ ‘ಎರಡೆರಡು’ ಎಂದೇ ಉತ್ತರಿಸಿದರು. ಬದಲಿಸಿದ ಹೆಸರು ಅರ್ಥದಲ್ಲಿ ಮೂಲಕ್ಕೆ ಸಮೀಪವಾಗಿರಬೇಕು, ಅಷ್ಟೆ. ದ್ರೌಪದಿಯ ಎಡೆಯಲ್ಲಿ ನೆರೆಮನೆಯ ಹುಡುಗಿಯ ಹೆಸರನ್ನಿಟ್ಟರೆ ಯಾರೂ ಮೋಸಹೋಗರು. ಕೇಳಿದ ಪ್ರತಿಯೊಂದು ಪದವನ್ನೂ ತೂಗಿ ನೋಡದೆ, ಸಂದರ್ಭಕ್ಕೆ ಹೊಂದುವಂತಿದ್ದರೆ ಸಾಕೆಂದು ಮನಸ್ಸು ಮುಂದೆ ಸಾಗುತ್ತದೆ. ಈ ಉದಾರತೆ ಇಲ್ಲದಿದ್ದರೆ ತೊದಲುವ ಮಕ್ಕಳೊಡನೆ, ಅವಸರದ ಅಂಗಡಿಯವರೊಡನೆ ನಾವು ಮಾತನಾಡುವುದೇ ದುಸ್ಸಾಧ್ಯವಾಗುತ್ತಿತ್ತು.

ಆದರೆ ಆಟದ ನಿಜವಾದ ಕಪಟವಿರುವುದು ಬೇರೊಂದೆಡೆಯಲ್ಲಿ. ಪದೇ ಪದೇ ಮೋಸಹೋದವನಲ್ಲಿ, ಎಲ್ಲ ಪ್ರಶ್ನೆಗೂ ಕೊಕ್ಕೆಯುಂಟೆಂಬ ಹೊಸ ಅಭ್ಯಾಸವೊಂದು ಬೇರೂರುತ್ತದೆ. ಅನಂತರ ನೇರವಾದ ಪ್ರಶ್ನೆಯೇ ಅವನನ್ನು ಕೆಡಹುತ್ತದೆ. ಏಬ್ರಹಾಂ ಲೂಚಿನ್ಸ್ ಎಂಬ ಮನಶ್ಶಾಸ್ತ್ರಜ್ಞನು 1942ರಲ್ಲಿ ಪ್ರಕಟಿಸಿದ ಪ್ರಯೋಗವು ಇದನ್ನು ನೀರಿನ ಪಾತ್ರೆಗಳಿಂದ ತೋರಿಸಿತು. ನಮ್ಮ ಸೇರಿನ ಲೆಕ್ಕದಲ್ಲಿ ಹೇಳುವುದಾದರೆ, 21, 127 ಮತ್ತು 3 ಸೇರು ಹಿಡಿಯುವ ಪಾತ್ರೆಗಳಿಂದ 100 ಸೇರು ಅಳೆಯಬೇಕು: ದೊಡ್ಡದನ್ನು ತುಂಬಿ, ಅದರಿಂದ ಮೊದಲನೆಯದಕ್ಕೆ ಒಮ್ಮೆ, ಕಿರಿದಕ್ಕೆ ಎರಡು ಬಾರಿ ಸುರಿದರೆ ಆಯಿತು. ಇದೇ ಜಾಡಿನ ಕೆಲವು ಲೆಕ್ಕಗಳನ್ನು ಮಾಡಿಸಿದ ಮೇಲೆ, 23, 49, 3ರಿಂದ 20ನ್ನು ಅಳೆಯೆಂದಾಗ, 23ರ ಪಾತ್ರೆಯಿಂದ 3 ಸೇರು ತೆಗೆದರೆ ಸಾಕೆಂಬುದು ಬಹುಮಂದಿಗೆ ಕಾಣಲಿಲ್ಲ. ಪೂರ್ವಾಭ್ಯಾಸವಿಲ್ಲದೆ ನೇರವಾಗಿ ಬಂದವರಿಗೆ ಅದು ಸುಲಭವಾಗಿ ಕಂಡಿತು. ಬಲ್ಲವನ ಕಣ್ಣಿಗೇ ಮರೆಯಾಗುವ ಸುಲಭೋಪಾಯವೆಂದರೆ ಇದು.

ಲೂಚಿನ್ಸನು ಕೆಲವರಿಂದ ಅವರ ಕಾಗದದ ಮೇಲೆ ‘ಕುರುಡಾಗಬೇಡ’ ಎಂದು ಬರೆಯಿಸಿದನು. ಅಷ್ಟರಿಂದಲೇ ಹೆಚ್ಚು ಮಂದಿ ನೇರದ ಹಾದಿಯನ್ನು ಕಂಡುಕೊಂಡರು. ವಾಚಕರೂ ಆ ಮಾತನ್ನು ಕಾಗದದ ತುದಿಯಲ್ಲಿ ಬರೆದಿಟ್ಟುಕೊಂಡು, 15, 39 ಮತ್ತು 3 ಸೇರಿನ ಪಾತ್ರೆಗಳಿಂದ 18 ಸೇರು ನೀರನ್ನು ಅಳೆದು ನೋಡಲಿ.