ಹೆಸರಿನ ಪಕ್ಕದ ನೀಲಿ ಗುರುತು



ಒಂದು ಭಾನುವಾರ ಬಲಿಪೂಜೆ ಮುಗಿದ ಮೇಲೆ ತಾಯಿಯೊಬ್ಬರು ನನ್ನನ್ನು ಕಾಣಲು ಬಂದರು. "ಫಾದರ್, ಮಗಳಿಗೆ ಮೊಬೈಲ್ ಆಪ್‌ನಲ್ಲಿ ಒಬ್ಬ ಹುಡುಗನ ಪರಿಚಯವಾಗಿದೆ. ಅವನ ಹೆಸರಿನ ಪಕ್ಕ ನೀಲಿ ಗುರುತಿದೆ, ಕಂಪನಿಯವರೇ ಪರಿಶೀಲಿಸಿದ್ದಾರಂತೆ. ನಂಬಬಹುದಲ್ಲವೇ?" ಎಂದು ಕೇಳಿದರು. ಉತ್ತರ ಕೊಡುವ ಮೊದಲು ನಾನೂ ವಿಷಯ ತಿಳಿದುಕೊಳ್ಳಬೇಕಾಯಿತು. ತಿಳಿದದ್ದನ್ನು ನಿಮ್ಮ ಮುಂದಿಡುತ್ತಿದ್ದೇನೆ.

ಈ ಆಪ್‌ಗಳು ಜೋಡಿಯನ್ನು ಹುಡುಕುವ ಬಗೆ ಹೇಗೆ? ಮೊದಲು ಜರಡಿ ಹಿಡಿಯುತ್ತವೆ. ವಯಸ್ಸು, ಊರಿನ ದೂರ, ಹುಡುಗನೋ ಹುಡುಗಿಯೋ ಎಂಬುದನ್ನು ನೋಡಿ ಉಳಿದವರನ್ನು ಬದಿಗಿಡುತ್ತವೆ. 2012ರಲ್ಲಿ ಬಂದ ಟಿಂಡರ್‌ನಲ್ಲಿ ಚಿತ್ರವನ್ನು ಬಲಕ್ಕೆ ಸರಿಸಿದರೆ ಇಷ್ಟ, ಎಡಕ್ಕೆ ಸರಿಸಿದರೆ ಬೇಡ. ಇಬ್ಬರೂ ಇಷ್ಟವೆಂದರೆ ಮಾತ್ರ ಮಾತುಕತೆಗೆ ದಾರಿ.

ಎರಡನೆಯದು ನಮ್ಮ ನಡತೆಯ ಲೆಕ್ಕ. ನಾವು ಯಾರನ್ನು ಮೆಚ್ಚಿದೆವು, ನಮ್ಮನ್ನು ಯಾರು ಮೆಚ್ಚಿದರು ಎಂಬುದನ್ನೆಲ್ಲ ಯಂತ್ರ ಬರೆದಿಟ್ಟುಕೊಳ್ಳುತ್ತದೆ. ಚದುರಂಗದ ಆಟಗಾರರಿಗೆ ಕೊಡುವಂಥ ಅಂಕವನ್ನು ಟಿಂಡರ್ ಮೊದಮೊದಲು ಮನುಷ್ಯರಿಗೂ ಕೊಡುತ್ತಿತ್ತು. ಆ ಪದ್ಧತಿ ಬಿಟ್ಟಿದ್ದೇವೆಂದು 2019ರಲ್ಲಿ ತಿಳಿಸಿತು. ಹಿಂಜ್ ಎಂಬ ಆಪ್ ಗೇಲ್ ಮತ್ತು ಶಾಪ್ಲಿ ಎಂಬ ಗಣಿತಜ್ಞರು 1962ರಲ್ಲಿ ಪ್ರಕಟಿಸಿದ ಸೂತ್ರವನ್ನು ಆಧರಿಸಿದೆ. ಒಬ್ಬರನ್ನೊಬ್ಬರು ಹೆಚ್ಚು ಮೆಚ್ಚುವ ಇಬ್ಬರು ಬೇರೆ ಬೇರೆ ಜೋಡಿಗಳಲ್ಲಿ ಸಿಕ್ಕಿಕೊಳ್ಳದಂತೆ ಎಲ್ಲರನ್ನೂ ಜೋಡಿಸುವುದು ಆ ಸೂತ್ರ.

ಲೆಕ್ಕವೇನೋ ಜಾಣತನದ್ದೇ. ಆದರೆ ಈಲೈ ಫಿಂಕೆಲ್ ಮತ್ತು ಇತರ ಮನಶ್ಶಾಸ್ತ್ರಜ್ಞರು 2012ರಲ್ಲಿ ಇಂಥ ಸೂತ್ರಗಳನ್ನು ಪರಿಶೀಲಿಸಿ, ಇವು ಒಳ್ಳೆಯ ದಾಂಪತ್ಯವನ್ನು ಮುಂದಾಗಿ ಗುರುತಿಸುತ್ತವೆ ಎಂಬುದಕ್ಕೆ ಗಟ್ಟಿಯಾದ ಪುರಾವೆ ಇಲ್ಲವೆಂದರು. ಕಷ್ಟ ಬಂದಾಗ ಒಬ್ಬ ಮನುಷ್ಯ ಹೇಗೆ ನಡೆದುಕೊಳ್ಳುತ್ತಾನೆ ಎಂಬುದು ಯಾವ ಅರ್ಜಿಯಲ್ಲೂ ಇರುವುದಿಲ್ಲವಲ್ಲ!

ಇನ್ನು ನೀಲಿ ಗುರುತು. ಟಿಂಡರ್ ಇದನ್ನು 2020ರಲ್ಲಿ ತಂದಿತು. ಬಳಕೆದಾರನು ಆಗಲೇ ತನ್ನ ಚಿತ್ರವನ್ನೋ ವೀಡಿಯೊವನ್ನೋ ತೆಗೆದು ಕಳಿಸಬೇಕು. ಯಂತ್ರ ಅದನ್ನು ಮೊದಲೇ ಹಾಕಿರುವ ಚಿತ್ರಗಳೊಂದಿಗೆ ಹೋಲಿಸುತ್ತದೆ. ಆರಂಭದಲ್ಲಿ ಮುಖ ಹೊಂದಿದರೆ ಗುರುತು ಸಿಗುತ್ತಿತ್ತು. ಗಮನಿಸಿ: ಆಗ ಪರೀಕ್ಷೆಯಾಗುತ್ತಿದ್ದದ್ದು ಮುಖ ಮಾತ್ರ. ಅವನ ಉದ್ಯೋಗ, ಸಾಲ, ಈಗಾಗಲೇ ಮದುವೆಯಾಗಿದೆಯೇ ಎಂಬುದು ಯಾವುದೂ ಅಲ್ಲ. 2016ರಲ್ಲಿ ಕೇಂದ್ರ ಸರ್ಕಾರ ಬಳಕೆದಾರರ ಗುರುತಿನ ದಾಖಲೆ ಪಡೆಯಬೇಕೆಂದು ಸೂಚಿಸಿದ್ದು ವಿವಾಹ ತಾಣಗಳಿಗೆ.

ನಮ್ಮ ಧರ್ಮಸಭೆಯೂ ಪರಿಶೀಲಿಸುತ್ತದೆ, ಆದರೆ ಬೇರೆ ಬಗೆಯಲ್ಲಿ. 1215ರ ಲ್ಯಾಟರನ್ ಮಹಾಸಭೆ ಮದುವೆಯನ್ನು ಮೊದಲೇ ಪ್ರಕಟಿಸಬೇಕೆಂದು ವಿಧಿಸಿತು. 1563ರಲ್ಲಿ ಟ್ರೆಂಟ್ ಮಹಾಸಭೆ ಮೂರು ಬಾರಿ ಎಂದು ಗೊತ್ತುಪಡಿಸಿತು. ಮದುವೆಯಾದವರ ವಿವರವನ್ನು ಜ್ಞಾನಸ್ನಾನದ ದಾಖಲೆಯಲ್ಲಿಯೂ ಬರೆಯುತ್ತೇವೆ. ಹೊಸದಾಗಿ ತೆಗೆಸಿದ ಪ್ರಮಾಣಪತ್ರವನ್ನೇ ತನ್ನಿ ಎಂದು ಗುರುಗಳು ಹಟ ಹಿಡಿಯುವುದು ಇದಕ್ಕಾಗಿಯೇ. ಅಲ್ಲಿ ಸಾಕ್ಷಿ ಹೇಳುವುದು ಯಂತ್ರವಲ್ಲ, ಆ ವ್ಯಕ್ತಿಯನ್ನು ಬಲ್ಲ ಜನ.

ಹಾಗಾಗಿ ಆ ತಾಯಿಗೆ ನಾನು ಹೇಳಿದ್ದಿಷ್ಟು: "ಮಗಳನ್ನು ಬೈಯಬೇಡಿ ಅಮ್ಮ. ಬೈದರೆ ಮುಂದಿನ ಮಾತನ್ನು ನಿಮ್ಮಿಂದ ಮುಚ್ಚಿಡುತ್ತಾಳೆ. ಹುಡುಗನನ್ನು ಮನೆಗೆ ಕರೆಯಿರಿ. ಅವನ ಮನೆಗೆ ಹೋಗಿ, ನೆರೆಯವರನ್ನು ಮಾತನಾಡಿಸಿ." ಭೇಟಿಯನ್ನು ಮುಂದೂಡುತ್ತಲೇ ಹೋಗುವವನು, ಕಸ್ಟಮ್ಸ್‌ನಲ್ಲಿ ಉಡುಗೊರೆ ಸಿಕ್ಕಿಬಿದ್ದಿದೆ ಎನ್ನುವವನು, ಹಣ ಹೂಡಲು ಒತ್ತಾಯಿಸುವವನು ಯಾವ ಗುರುತು ಹೊತ್ತಿದ್ದರೂ ದೂರವಿಡಬೇಕಾದವನೇ. ಹಣ ಹೋಗಿದ್ದರೆ ನಾಚಿಕೆಯಿಂದ ಸುಮ್ಮನಿರದೆ ಕೂಡಲೇ 1930ಕ್ಕೆ ಕರೆ ಮಾಡಿ. ತಡವಾದಷ್ಟೂ ಹಣ ತಡೆಯುವುದು ಕಷ್ಟ.

ಪ್ರಿಯ ತಂದೆತಾಯಿಗಳೇ, ಮಕ್ಕಳು ಜೊತೆಗಾರರನ್ನು ಹುಡುಕುವ ದಾರಿ ಬದಲಾಗಿದೆ. ಆ ದಾರಿಯಲ್ಲಿ ಒಳ್ಳೆಯವರೂ ಸಿಗುತ್ತಾರೆ. ಆದರೆ ಮೋಸ ಹೋದ ಮಗಳು ಮೊದಲು ಯಾರ ಬಳಿ ಬಂದು ಅಳಬೇಕು? ನಿಮ್ಮ ಮನೆಯ ಬಾಗಿಲು ಅವಳಿಗೆ ತೆರೆದಿರಲಿ.