ಕಳ್ಳನಿಂದ ಕೊಂಡ ಬೀಗ

ಪುಕ್ಕಟೆ ಸಿಕ್ಕರೆ ತನಗೊಂದು, ತಮ್ಮಪ್ಪನಿಗೊಂದು ಎನ್ನುವ ಸ್ವಭಾವ ಮನುಷ್ಯನಿಗೆ ಹೊಸದಲ್ಲ. ಆದರೆ ಪುಕ್ಕಟೆಯಾಗಿ ಬಂದ ವಸ್ತು ಬೀಗವಾಗಿದ್ದು, ಅದನ್ನು ಕೊಟ್ಟವನು ಕಳ್ಳನೇ ಆಗಿದ್ದರೆ ಏನಾದೀತು? ವೆಬ್ ಹೋಸ್ಟಿಂಗ್ ವ್ಯಾಪಾರದಲ್ಲಿ ಇದು ಬರಿಯ ಒಗಟಲ್ಲ; ಅನೇಕರ ಜೀವನೋಪಾಯದ ಪ್ರಶ್ನೆ.

ಈ ವ್ಯಾಪಾರವನ್ನು ಒಂದು ಬಗೆಯ ವಠಾರವೆನ್ನಬಹುದು. ಸರ್ವರ್ ಎಂಬ ಒಂದೇ ಸೂರಿನ ಕೆಳಗೆ ಜವಳಿ ಅಂಗಡಿ, ವೈದ್ಯರು, ಶಾಲೆ, ಕಲ್ಯಾಣಮಂಟಪ ಇವೆಲ್ಲವುಗಳ ಜಾಲತಾಣಗಳು ಬಾಡಿಗೆಗೆ ವಾಸವಾಗಿರುತ್ತವೆ. ಮನೆಗಳನ್ನು ಹಂಚಲು, ಬಾಡಿಗೆಯ ಲೆಕ್ಕವಿಡಲು, ಬಾಗಿಲು ಕಾಯಲು ಯಜಮಾನನಿಗೆ ಹಲವು ಸಾಫ್ಟ್‌ವೇರುಗಳು ಬೇಕು. ಇವುಗಳಲ್ಲಿ ಪ್ರಸಿದ್ಧವಾದ ಸಿಪ್ಯಾನೆಲ್ 2019ರಲ್ಲಿ ದರದ ಕ್ರಮವನ್ನು ಬದಲಿಸಿ, ಖಾತೆಗಳ ಸಂಖ್ಯೆಗೆ ತಕ್ಕಂತೆ ಶುಲ್ಕ ವಿಧಿಸತೊಡಗಿತು. ಬಹಳ ಖಾತೆಗಳಿದ್ದವರಿಗೆ ಹೊರೆ ಹೆಚ್ಚಿತು. ಹೊರೆ ಹೆಚ್ಚಿದಲ್ಲಿ ಅಡ್ಡದಾರಿಯ ಆಸೆ ಹುಟ್ಟುವುದೂ ಸಹಜವೇ. ಲೈಸೆನ್ಸಿನ ತಪಾಸಣೆಯನ್ನು ಕಿತ್ತುಹಾಕಿದ ಕಳ್ಳಪ್ರತಿಗಳು ಇಂಥವರಿಗಾಗಿಯೇ ಕಾದು ಕುಳಿತಿರುತ್ತವೆ.

ಆದರೆ ತಪಾಸಣೆಯನ್ನು ಕಿತ್ತವನು ಅಷ್ಟಕ್ಕೇ ಸುಮ್ಮನಾಗಿರುವನೆಂಬ ಭರವಸೆ ಎಲ್ಲಿದೆ? 2014ರ ನವೆಂಬರಿನಲ್ಲಿ ನೆದರ್ಲೆಂಡ್ಸಿನ ಫಾಕ್ಸ್-ಐಟಿ ಸಂಸ್ಥೆಯು 'ಕ್ರಿಪ್ಟೊಪಿಎಚ್‌ಪಿ' ಎಂಬ ಹಿಂಬಾಗಿಲಿನ ವೃತ್ತಾಂತವನ್ನು ಬಯಲಿಗೆಳೆಯಿತು. ವರ್ಡ್‌ಪ್ರೆಸ್, ಜೂಮ್ಲಾ, ಡ್ರೂಪಲ್‌ಗಳಿಗೆ ಬೇಕಾದ ಬೆಲೆಬಾಳುವ ವಿನ್ಯಾಸಗಳನ್ನೂ ಪ್ಲಗಿನ್‌ಗಳನ್ನೂ ಪುಕ್ಕಟೆಯಾಗಿ ಹಂಚಿದ ಧೂರ್ತರು, ಅವುಗಳೊಳಗೆ 'ಸೋಷಿಯಲ್.ಪಿಎನ್‌ಜಿ' ಎಂಬ ಕಡತವನ್ನು ಅಡಗಿಸಿಟ್ಟಿದ್ದರು. ಹೆಸರಿಗೆ ಅದು ಚಿತ್ರ. ಒಳಗಿದ್ದುದು ದೂರದಲ್ಲಿ ಕುಳಿತವನ ಆಜ್ಞೆಗೆ ಕುಣಿಯುವ ಕಾರ್ಯಕ್ರಮ. 23,000ಕ್ಕೂ ಹೆಚ್ಚು ಸರ್ವರ್ ವಿಳಾಸಗಳಲ್ಲಿ ಅದರ ಸುಳಿವು ದೊರೆಯಿತು. ಹುಡುಕುಯಂತ್ರಗಳನ್ನು ವಂಚಿಸುವುದಕ್ಕೆ ಆ ತಾಣಗಳನ್ನು ಬಳಸಿಕೊಳ್ಳಲಾಗುತ್ತಿತ್ತು.

ಅಪಾಯ ಇಷ್ಟಕ್ಕೇ ಮುಗಿಯದು. ಎಂಥ ಸಾಫ್ಟ್‌ವೇರಿನಲ್ಲೂ ಕಾಲಕಾಲಕ್ಕೆ ದೋಷಗಳು ಕಾಣಿಸಿಕೊಳ್ಳುತ್ತವೆ. ತಯಾರಕರು ಕೂಡಲೇ ತಿದ್ದುಪಡಿ ಕಳುಹುತ್ತಾರೆ. ಕಳ್ಳಪ್ರತಿಯವನು ಅದನ್ನು ಅಳವಡಿಸಿಕೊಂಡರೆ ಗುಟ್ಟು ರಟ್ಟಾಗಿ ಯಂತ್ರವೇ ನಿಂತುಹೋಗಬಹುದು. ಬಿಟ್ಟರೆ ದೋಷ ಹಾಗೆಯೇ ಉಳಿಯುವುದು. ಬಿಲ್ಲು ಬರೆಯುವ ಸಾಫ್ಟ್‌ವೇರಿನಲ್ಲಿಯೇ ಗಿರಾಕಿಗಳ ಹೆಸರು, ವಿಳಾಸ, ದೂರವಾಣಿ ಸಂಖ್ಯೆಗಳಿರುತ್ತವೆ. ಸರ್ವರಿನಿಂದ ಯಾರೋ ರದ್ದಿ ಟಪಾಲು ಹರಿಸಿದರೆ ಅದರ ವಿಳಾಸ ಕಪ್ಪುಪಟ್ಟಿಗೆ ಸೇರಿ, ಏನೂ ಅರಿಯದ ಬಾಡಿಗೆದಾರರ ಇಮೇಲುಗಳೂ ಹಿಂದಿರುಗುತ್ತವೆ. ತಪ್ಪು ಒಬ್ಬನದು, ದಂಡ ಊರಿಗೆ!

ಕಾನೂನೂ ಕಣ್ಣು ಮುಚ್ಚಿಲ್ಲ. ಭಾರತದ 1957ರ ಕೃತಿಸ್ವಾಮ್ಯ ಅಧಿನಿಯಮದ 63ಬಿ ಪ್ರಕರಣದಂತೆ, ತಿಳಿದೂ ತಿಳಿದು ಕಳ್ಳಪ್ರತಿಯನ್ನು ಕಂಪ್ಯೂಟರಿನಲ್ಲಿ ಬಳಸಿದವನಿಗೆ 7 ದಿನಗಳಿಗೆ ಕಡಮೆಯಿಲ್ಲದೆ 3 ವರ್ಷಗಳವರೆಗೆ ಸೆರೆಮನೆ, 50,000 ರೂಪಾಯಿಗೆ ಕಡಮೆಯಿಲ್ಲದೆ 2 ಲಕ್ಷದವರೆಗೆ ದಂಡ ವಿಧಿಸಬಹುದು. ಲಾಭಕ್ಕಾಗಲಿ ವ್ಯಾಪಾರಕ್ಕಾಗಲಿ ಬಳಸದಿದ್ದವನಿಗೆ ನ್ಯಾಯಾಲಯ ಸೆರೆವಾಸವನ್ನು ಮನ್ನಿಸಬಹುದು. ಹೋಸ್ಟಿಂಗ್ ನಡೆಸುವವನಿಗೆ ಆ ವಿನಾಯಿತಿ ಎಲ್ಲಿಂದ ಬರಬೇಕು?

ಹಣದ ಅಡಚಣೆಯುಳ್ಳವರಿಗೆ ನೇರವಾದ ದಾರಿಯೂ ಉಂಟು. ಲಿನಕ್ಸ್, ಅಪಾಚೆ, ಮರಿಯಾಡಿಬಿ, ಹೆಸ್ಟಿಯಾ ಮೊದಲಾದವು ನ್ಯಾಯವಾಗಿಯೇ ಉಚಿತವಾಗಿ ದೊರೆಯುತ್ತವೆ; ಅವುಗಳ ತಿದ್ದುಪಡಿಗಳೂ ಬರುತ್ತವೆ. ಕಲಿಯುವ ಶ್ರಮ ಮಾತ್ರ ತಮ್ಮದು. ಇನ್ನು ಜಾಲತಾಣವನ್ನು ಬಾಡಿಗೆಗೆ ಇಡುವ ಗೃಹಸ್ಥರು, ದರ ಕೇಳುವ ಮುನ್ನ ವಠಾರದ ಬೀಗ ಎಲ್ಲಿಂದ ಬಂದಿತೆಂದು ಕೇಳುವುದು ಮೇಲು.