ಆಧುನಿಕ ವೇಷದಲ್ಲಿ ದುರಂತ ನಾಟಕ: ಷೇಕ್ಸ್‌ಪಿಯರನ ಎರಡು ಚಿತ್ರರೂಪಗಳು

ಹಳೆಯ ದುರಂತ ನಾಟಕವನ್ನು ಇಂದಿನ ವೇಷಭೂಷಣಗಳಲ್ಲಿ ತೆರೆಗೆ ತರುವಾಗ ಎದುರಾಗುವ ಮುಖ್ಯ ಸಮಸ್ಯೆ ಉಡುಪಿಗೆ ಸಂಬಂಧಿಸಿದ್ದಲ್ಲ, ಕಾರ್ಯಕಾರಣಕ್ಕೆ ಸಂಬಂಧಿಸಿದ್ದು. ದುರಂತದಲ್ಲಿ ಸಾವು ಅನಿವಾರ್ಯವೆನಿಸಬೇಕು. ಮೂಲದಲ್ಲಿ ಆ ಅನಿವಾರ್ಯತೆಯ ಭಾರವನ್ನು ಖಡ್ಗ, ಓಲೆ, ಅರಸೊತ್ತಿಗೆ, ಪ್ರೇತ ಮೊದಲಾದವು ಹೊತ್ತಿರುತ್ತವೆ. ಕಾಲ ಬದಲಾದಾಗ ಅದನ್ನು ಯಾವುದು ಹೊರಬೇಕು ಎಂಬ ಪ್ರಶ್ನೆಯನ್ನು ಎರಡು ಚಿತ್ರಗಳ ಮೂಲಕ ಇಲ್ಲಿ ಪರಿಶೀಲಿಸಲಾಗಿದೆ. ಎರಡೂ ಚಿತ್ರಗಳು ಮೂಲವನ್ನು ಬಹಳಷ್ಟು ಕತ್ತರಿಸಿದ್ದರೂ ಷೇಕ್ಸ್‌ಪಿಯರನ ಮಾತುಗಳನ್ನೇ ಉಳಿಸಿಕೊಂಡಿವೆ.

ಬಾಜ್ ಲುಹರ್ಮನ್‌ನ 1996ರ 'ರೋಮಿಯೋ + ಜೂಲಿಯೆಟ್' ನಡೆಯುವುದು ವೆರೋನಾ ಬೀಚ್ ಎಂಬ ಕಲ್ಪಿತ ನಗರದಲ್ಲಿ. ನಾಂದಿಯ ಮಾತುಗಳನ್ನು ದೂರದರ್ಶನದ ವಾರ್ತಾವಾಚಕಿ ಓದುತ್ತಾಳೆ. ಸಂಭಾಷಣೆಯಲ್ಲಿ 'ಖಡ್ಗ' ಎಂಬ ಮಾತು ಹಾಗೆಯೇ ಉಳಿದಿದೆ. ಪಾತ್ರಗಳ ಕೈಯಲ್ಲಿರುವುದು ಮಾತ್ರ ಆ ಹೆಸರಿನ ಪಿಸ್ತೂಲು. ಇದು ಜಾಣತನದ ಪರಿಹಾರ. ಆದರೆ ಕಥೆಯ ತಿರುವು ನಿಂತಿರುವುದು ಆಯುಧದ ಮೇಲಲ್ಲ, ತಲುಪದ ಪತ್ರದ ಮೇಲೆ. ನಾಟಕದಲ್ಲಿ ಪತ್ರವನ್ನು ಒಯ್ಯಬೇಕಾದ ಸಂನ್ಯಾಸಿಯನ್ನು ಪ್ಲೇಗಿನ ಶಂಕೆಯಿಂದ ಮನೆಯೊಂದರಲ್ಲಿ ಕೂಡಿಹಾಕುತ್ತಾರೆ. ಸಾಯುವ ಮುನ್ನ ಮರ್ಕ್ಯೂಷಿಯೋ ಎರಡೂ ಮನೆತನಗಳಿಗೆ ಪಿಡುಗು ತಗಲಲೆಂದು ಶಪಿಸಿದ್ದನ್ನು ಇಲ್ಲಿ ನೆನೆಯಬೇಕು. ಆ ಶಾಪವೇ ಪ್ಲೇಗಾಗಿ ಬಂದು ಪತ್ರವನ್ನು ತಡೆದಂತಾಗುತ್ತದೆ. ಚಿತ್ರದಲ್ಲಾದರೋ ಕೊರಿಯರ್‌ನವನು ಪತ್ರವನ್ನು ರೋಮಿಯೋನಿಗೆ ಮುಟ್ಟಿಸಲಾಗದೆ ಹಿಂದಿರುಗುತ್ತಾನೆ. ಶಾಪ ಉಳಿದಿದೆ, ಅದು ಫಲಿಸುವ ದಾರಿ ಮಾತ್ರ ಇಲ್ಲವಾಗಿದೆ. ದುರಂತವು ಅಂಚೆಯ ಅಚಾತುರ್ಯಕ್ಕೆ ಇಳಿದುಬಿಡುತ್ತದೆ. ರೋಮಿಯೋ ಸಾಯುವ ಮೊದಲೇ ಜೂಲಿಯೆಟ್ ಕಣ್ತೆರೆಯುವಂತೆ ಮಾಡಿ ನಿರ್ದೇಶಕನು ಈ ಕೊರತೆಯನ್ನು ಕರುಣರಸದಿಂದ ತುಂಬಲು ಯತ್ನಿಸಿದ್ದಾನೆ. (ಈ ಬದಲಾವಣೆಯೂ ಹೊಸದಲ್ಲ, 1748ರಲ್ಲೇ ಗ್ಯಾರಿಕ್ ತನ್ನ ರಂಗಪಾಠದಲ್ಲಿ ಇದನ್ನು ಅಳವಡಿಸಿದ್ದನು.)

ಮೈಕೆಲ್ ಆಲ್ಮರೇಡನ 'ಹ್ಯಾಮ್ಲೆಟ್' (2000) ಇದಕ್ಕಿಂತ ಆಳವಾಗಿ ಯೋಚಿಸಿದೆ ಎನ್ನಬಹುದು. ಇಲ್ಲಿ ಡೆನ್ಮಾರ್ಕ್ ನ್ಯೂಯಾರ್ಕಿನ ಒಂದು ಕಂಪನಿ, ಕ್ಲಾಡಿಯಸ್ ಅದರ ಮುಖ್ಯಸ್ಥ. ಮೂಲದಲ್ಲಿ ಒಫೀಲಿಯಾಳನ್ನು ಹ್ಯಾಮ್ಲೆಟ್‌ನ ಎದುರಿಗೆ ಬಿಟ್ಟು ಅರಸನೂ ಪೊಲೋನಿಯಸ್ಸನೂ ಮರೆಯಲ್ಲಿ ನಿಂತು ಆಲಿಸುತ್ತಾರೆ. ಹ್ಯಾಮ್ಲೆಟ್‌ಗೆ ಇದು ತಿಳಿಯಿತೇ, ಯಾವ ಕ್ಷಣದಲ್ಲಿ ತಿಳಿಯಿತು ಎಂಬುದನ್ನು ನಾಟಕದ ಪಾಠವು ನಟನ ವಿವೇಚನೆಗೆ ಬಿಟ್ಟಿದೆ. ಚಿತ್ರದಲ್ಲಿ ತಂದೆಯೇ ಮಗಳ ಮೈಗೆ ಧ್ವನಿಗ್ರಾಹಕದ ತಂತಿ ಕಟ್ಟಿ ಕಳುಹಿಸುತ್ತಾನೆ; ಪ್ರೀತಿಯಿಂದ ಅವಳನ್ನು ಸ್ಪರ್ಶಿಸುವಾಗಲೇ ಹ್ಯಾಮ್ಲೆಟ್‌ನ ಕೈಗೆ ಅದು ತಗಲುತ್ತದೆ. ಅವಳ ದೇಹವನ್ನೇ ಬೇಹುಗಾರಿಕೆಯ ಸಾಧನವಾಗಿಸಿದ ತಂದೆಯ ಅಧಿಕಾರ ಇಲ್ಲಿ ಮೂಲಕ್ಕಿಂತ ನಿಚ್ಚಳವಾಗಿದೆ. ಅವಳ ಮುಂದಿನ ಹುಚ್ಚಿಗೆ ಬೇರೆ ಕಾರಣ ಬೇಡವಾಗುತ್ತದೆ. ಇಲ್ಲಿ ಹೊಸ ವಸ್ತುವು ಹಳೆಯದರ ಕೆಲಸವನ್ನು ಮಾಡಿದೆ.

ಈ ದಾರಿ ಕನ್ನಡದ ರೂಪಾಂತರಗಳ ದಾರಿಗೆ ವಿರುದ್ಧವಾದುದೆಂಬುದು ಗಮನಾರ್ಹ. ಬಿ.ಎಂ.ಶ್ರೀಯವರು ಸೊಫೋಕ್ಲಿಸನ ಏಜಾಕ್ಸನನ್ನು ಅಶ್ವತ್ಥಾಮನಲ್ಲಿ ಕಂಡರು. ಕುವೆಂಪು ಅವರು 'ರಕ್ತಾಕ್ಷಿ'ಯಲ್ಲಿ ಹ್ಯಾಮ್ಲೆಟ್‌ನ ಕಥೆಯನ್ನು ಬಿದನೂರಿಗೆ ಒಯ್ದರು. ಭಾಷೆಯನ್ನು ಬದಲಿಸಿಯೂ ಇವರು ಹಿಂದಕ್ಕೆ, ದೈವಕ್ಕೂ ಅರಸೊತ್ತಿಗೆಗೂ ಇನ್ನೂ ನೆಲೆಯಿದ್ದ ಲೋಕಕ್ಕೆ ಸರಿದರು. ಆಲ್ಮರೇಡನಿಗೆ ಆ ಅನುಕೂಲವಿರಲಿಲ್ಲ. ಅವನ ಪ್ರೇತವು ಕಾವಲು ಕ್ಯಾಮರಾದ ಪರದೆಯಲ್ಲಿ ಕಾಣಿಸಿಕೊಂಡು, ಪೆಪ್ಸಿ ಮಾರುವ ಯಂತ್ರದೊಳಗೆ ಮಾಯವಾಗುತ್ತದೆ.